ಮೂಗಿಗೆ ಕ್ಲಿಪ್ಪು ಹಾಕಿಕೊಂಡು ತಿಂದ ಪಕೋಡ

ಮಾರ್ಚ್ 4, ಸೋಮವಾರ

ಪ್ರೀತಿಯ ಮಾವನಿಗೆ,

ನಿಮ್ಮ ಗುಬ್ಬಿ ಮಾಡುವ ನಮಸ್ಕಾರಗಳು. ಮೊದಲೇ ಕ್ಷಮೆ ಕೇಳಿಬಿಡುತ್ತೇನೆ. ನನ್ನ ಅಕ್ಷರ ಕೋಳಿ ಕೆದರಿದ ಹಾಗಿರುತ್ತದೆ. ಒತ್ತಕ್ಷರಗಳು ಬೇಕಾದ ಕಡೆ ಇರುವುದಿಲ್ಲ, ಬೇಡದ ಕಡೆ ಬಂದು ಕೂತಿರುತ್ತವೆ. ನಾಲ್ಕನೇ ತರಗತಿಗೆ ಶಾಲೆ ಬಿಟ್ಟವಳು ಇಷ್ಟಾದರೂ ಬರೆದಳಲ್ಲ ಎಂದುಕೊಂಡು ಓದಿಕೊಳ್ಳಿ. ಫೋನ್ ಮಾಡಬಹುದಿತ್ತು. ಆದರೆ ನೀವು ಆ ಕಡೆಯಿಂದ ಹಲೋ ಅಂದ ಕೂಡಲೇ ನನಗೆ ಗಂಟಲು ಕಟ್ಟುತ್ತದೆ. 'ಹೂಂ, ಚೆನ್ನಾಗಿದೀನಿ' ಅಂದು ಇಟ್ಟುಬಿಡುತ್ತೇನೆ. ಕಾಗದದ ಮುಂದೆ ಅಷ್ಟು ನಾಚಿಕೆಯಾಗುವುದಿಲ್ಲ.

ಹೋದ ವಾರ ಅತ್ತೆ ಫೋನ್ ಮಾಡಿದ್ದರು. ಆ ಜ್ವರ ಬಿಟ್ಟ ಮೇಲೆ ನಿಮಗೆ ಯಾವ ವಾಸನೆಯೂ ತಿಳಿಯುತ್ತಿಲ್ಲವಂತೆ. ಊಟ ರದ್ದಿ ಕಾಗದ ಅಗಿದ ಹಾಗಿರುತ್ತದಂತೆ. ಎರಡು ತುತ್ತು ತಿಂದು ತಟ್ಟೆ ಸರಿಸಿ ಏಳುತ್ತೀರಂತೆ. 'ನಿಮ್ಮ ಮಾವನ ಶರ್ಟು ಹ್ಯಾಂಗರಿಗೆ ನೇತುಹಾಕಿದ ಹಾಗೆ ಕಾಣ್ಸುತ್ತೆ ಕಣೇ' ಅಂದರು. ಅತ್ತೆ ನಗುತ್ತಲೇ ಹೇಳಿದರು, ಆದರೆ ಕೊನೆಯಲ್ಲಿ ನಗು ಮುರಿಯಿತು.

ಬೇಕರಿಯ ಒಲೆಯ ಮುಂದೆ ಬೆನ್ನು ತಿರುಗಿಸಿ ನಿಂತುಕೊಂಡೇ 'ಆಯ್ತು, ತೆಗೀರಿ' ಅನ್ನುತ್ತಿದ್ದವರು ನೀವು. ಬಾಗಿಲು ತೆರೆದರೆ ಬ್ರೆಡ್ಡು ಸರಿಯಾಗಿ ಕೆಂಪಗಾಗಿರುತ್ತಿತ್ತು. ನಿಮ್ಮ ಮೂಗಿಗೆ ಒಳಗಿನದು ಹೇಗೆ ಕಾಣಿಸುತ್ತದೆ ಎಂದು ಚಿಕ್ಕವಳಿದ್ದಾಗ ನನಗೆ ಸೋಜಿಗವಾಗುತ್ತಿತ್ತು. ಅಂಥವರು ಊಟ ಬಿಡುವುದೆಂದರೇನು ಮಾವ? ನಿಮಗೆ ರುಚಿಯಾಗುವಂಥದ್ದು ಏನಾದರೊಂದು ಎಲ್ಲಾದರೂ ಇದ್ದೇ ಇರಬೇಕು. ಅದನ್ನು ಹುಡುಕಿ ಕಳಿಸುತ್ತೇನೆ.

ಹುಡುಕುವುದಕ್ಕೆ ನಾನಿರುವ ಜಾಗ ಒಳ್ಳೆಯದು. ಇಲ್ಲಿ ಅಡುಗೆಮನೆ ಒಂದೇ, ಯಜಮಾನಿಯರು ಇಬ್ಬರು. ಒಬ್ಬರು ಇಥಿಯೋಪಿಯಾದವರು. ಬಾಗಿಲಲ್ಲಿ ತಲೆ ಬಗ್ಗಿಸಿ ಬರುವಷ್ಟು ಎತ್ತರ. ಬೀದಿಯವರೆಲ್ಲ ದೊಡ್ಡಮ್ಮ ಎನ್ನುತ್ತಾರೆ. ಇನ್ನೊಬ್ಬರು ಕೊರಿಯಾದವರು. ಹಿತ್ತಲಿನ ತುಂಬ ಮಣ್ಣಿನ ಭರಣಿಗಳನ್ನು ಸಾಲಾಗಿ ಇಟ್ಟುಕೊಂಡಿರುವುದರಿಂದ ಅವರು ಭರಣಿಯಕ್ಕ. ಇಬ್ಬರೂ ಬೀದಿಯ ಕಡೆಯ ಕಿಟಕಿಯಲ್ಲಿ ತಿಂಡಿ ಮಾರುವವರು, ಬಾಡಿಗೆ ಉಳಿಸಲು ಜೊತೆಯಾದವರು. ಕಟ್ಟೆಯ ಮಧ್ಯೆ ನೀಲಿ ಟೇಪು ಅಂಟಿಸಿದ್ದಾರೆ. ಎಡಕ್ಕೆ ದೊಡ್ಡಮ್ಮನ ಸಾಮಾನು, ಬಲಕ್ಕೆ ಭರಣಿಯಕ್ಕನದು. ನಾನು ಎರಡೂ ಕಡೆಗೆ ತರಕಾರಿ ಹೆಚ್ಚುತ್ತೇನೆ. ಒಬ್ಬರ ಭಾಷೆ ಇನ್ನೊಬ್ಬರಿಗೆ ಬಾರದು. ಮೂವರೂ ಈ ಊರಿನ ಮಾತನ್ನು ಹರಕುಮುರುಕಾಗಿ ಆಡುತ್ತೇವೆ. ನಿಮಗೆ ಬರೆಯುವಾಗ ನಮ್ಮ ಮಾತಿಗೆ ತಿರುಗಿಸಿ ಬರೆಯುತ್ತೇನೆ.

ಊಟ ಮಾಡಿ ಮಾವ. ರುಚಿಯಿಲ್ಲದಿದ್ದರೂ ಮಾಡಿ.

ನಿಮ್ಮ ಗುಬ್ಬಿ


ಮಾರ್ಚ್ 15

ಗುಬ್ಬಿ,

ನಿನ್ನ ಅಕ್ಷರಕ್ಕೇನು ಕಡಿಮೆ? ಕೋಳಿ ಕೆದರಿದ್ದು ಅಂತೀಯ. ನಮ್ಮ ಬೇಕರಿ ಯಜಮಾನನ ಅಕ್ಷರ ನೋಡಿದರೆ ಕೋಳಿಗೂ ನಾಚಿಕೆಯಾಗುತ್ತದೆ. ನಿನ್ನ ಕಾಗದವನ್ನು ಒಂದೇ ಉಸಿರಿನಲ್ಲಿ ಓದಿದೆ.

ನಿನ್ನ ಅತ್ತೆಯ ಮಾತು ಕೇಳಿ ಹೆದರಬೇಡ. ಅವಳು ಸೊಳ್ಳೆ ಕಚ್ಚಿದರೆ ಆನೆ ತುಳಿಯಿತು ಅನ್ನುವವಳು. ಜ್ವರ ಬಂದದ್ದು ನಿಜ, ಮೂಗು ಸ್ವಲ್ಪ ದಿನ ಮುಷ್ಕರ ಹೂಡಿದ್ದೂ ನಿಜ. ಈಗ ಎಲ್ಲ ಸರಿಹೋಗಿದೆ. ವಾಸನೆ ಪೂರ್ತಿ ವಾಪಸು ಬಂದಿದೆ. ಇವತ್ತು ಬೆಳಿಗ್ಗೆ ಬ್ರೆಡ್ಡಿನ ಘಮ ಬೀದಿ ತುದಿಯವರೆಗೂ ಹೋಗಿತ್ತು. ಶರ್ಟು ದೊಗಳೆಯಾಗಿದ್ದರೆ ಅದು ಒಗೆಯುವವರ ತಪ್ಪು.

ಆ ಇಬ್ಬರು ಯಜಮಾನಿಯರ ಬಗ್ಗೆ ಇನ್ನೂ ಬರಿ. ಟೇಪಿನ ಈ ಕಡೆಯ ಈರುಳ್ಳಿ ಆ ಕಡೆಗೆ ಉರುಳಿದರೆ ಯಾರದ್ದಾಗುತ್ತದೆ? ಕೋರ್ಟಿಗೆ ಹೋಗುತ್ತಾರೋ?

ನಿನ್ನ ಮಾವ


ಏಪ್ರಿಲ್ 2

ಪ್ರೀತಿಯ ಮಾವನಿಗೆ,

ನಿಮ್ಮ ಕಾಗದ ಓದಿ ನನಗೆ ಕುಣಿಯುವ ಹಾಗಾಯಿತು. ವಾಸನೆ ವಾಪಸು ಬಂತಲ್ಲ, ಸಾಕು. ಅತ್ತೆಗೆ ಫೋನ್ ಮಾಡಿ ಹೇಳೋಣ ಅಂದುಕೊಂಡೆ, ಮತ್ತೆ ಗಂಟಲು ಕಟ್ಟುತ್ತದೆ ಎಂದು ಬಿಟ್ಟೆ. ಆದರೂ ಮಾತು ಕೊಟ್ಟಿದ್ದೆನಲ್ಲ, ಈ ಕಾಗದದ ಜೊತೆಗೇ ಒಂದು ಪಾರ್ಸೆಲ್ಲು ಕಳಿಸುತ್ತಿದ್ದೇನೆ. ಅದರ ಕಥೆ ಕೇಳಿ.

ಭರಣಿಯಕ್ಕ ಎಲೆಕೋಸಿಗೆ ಉಪ್ಪು ಸವರಿ, ಮೆಣಸಿನಕಾಯಿಯ ತರಿ, ಬೆಳ್ಳುಳ್ಳಿ, ಶುಂಠಿ ತಿಕ್ಕಿ ಭರಣಿಯಲ್ಲಿ ತುಂಬುತ್ತಾರೆ. ಅದೇ ಕಿಮ್ಚಿ. ಒಂದು ದಿನ ಅವರು ನನ್ನನ್ನು ಕರೆದು, ಭರಣಿಯ ಬಾಯಿಗೆ ಕಿವಿಯಿಡು ಅಂದರು. ಇಟ್ಟೆ. ಒಳಗೆ ಯಾರೋ ಪಿಸುಗುಟ್ಟುತ್ತಿದ್ದ ಹಾಗೆ ಚಿಟಿಚಿಟಿ ಸದ್ದು. ಮಾವ, ಯಾರೂ ಒಲೆ ಹಚ್ಚಿಲ್ಲ, ಯಾರೂ ಕಲಕಿಲ್ಲ, ಎಲೆಕೋಸು ತನ್ನಷ್ಟಕ್ಕೆ ಅಡುಗೆಯಾಗುತ್ತಿತ್ತು! ನನ್ನ ರೋಮ ನೆಟ್ಟಗಾಯಿತು. ಎಡಗಡೆ ನೋಡಿದರೆ ದೊಡ್ಡಮ್ಮನೂ ಅದನ್ನೇ ಮಾಡುತ್ತಾರೆ. ಅವರ ಊರಿನಲ್ಲಿ ತೆಫ್ ಎಂಬ ಧಾನ್ಯವಿದೆ. ಸಾಸಿವೆ ಅದರ ಪಕ್ಕದಲ್ಲಿ ಗುಂಡುಕಲ್ಲಿನ ಹಾಗೆ ಕಾಣಿಸುತ್ತದೆ, ಅಷ್ಟು ಸಣ್ಣ ಕಾಳು. ಅದರ ಹಿಟ್ಟನ್ನು ಕಲಸಿ ಹುಳಿ ಬರಲು ಇಟ್ಟು, ದಿನಾ ಮುಚ್ಚಳ ಸರಿಸಿ ಬಗ್ಗಿ ನೋಡುತ್ತಾರೆ, ತೊಟ್ಟಿಲಲ್ಲಿ ಮಗು ಎದ್ದಿದೆಯೋ ಇಲ್ಲವೋ ನೋಡುವ ಹಾಗೆ. ಇಬ್ಬರೂ ಬೆನ್ನಿಗೆ ಬೆನ್ನು ಹಾಕಿಕೊಂಡು ಒಂದೇ ಕೆಲಸ ಮಾಡುತ್ತಾರೆ, ಅದು ಇಬ್ಬರಿಗೂ ಗೊತ್ತಿಲ್ಲ. ನೋಡುವುದು ನಾನೊಬ್ಬಳೇ.

ಹೋದ ಶುಕ್ರವಾರ ನನ್ನಿಂದ ಒಂದು ಎಡವಟ್ಟಾಯಿತು. ದೊಡ್ಡಮ್ಮ ಪಕೋಡಕ್ಕೆಂದು ಕಡಲೆ ಹಿಟ್ಟು, ತೆಫ್‌ನ ಹುಳಿನೀರು ಹಾಕಿ ಕಲಸಿಟ್ಟಿದ್ದರು. ಅದಕ್ಕೆ ಅವರ ಬೆರ್ಬೆರೆ ಪುಡಿ ಬಿದ್ದಿತ್ತು. ಬೆರ್ಬೆರೆ ಎಂದರೆ ಅವರ ಮಸಾಲೆ. ಒಣಮೆಣಸಿನಕಾಯಿ, ಮೆಂತ್ಯ, ಶುಂಠಿ, ಅವರ ಊರಿನ ಏಲಕ್ಕಿ, ಇನ್ನೂ ಏನೇನೋ ಹುರಿದು ಕುಟ್ಟಿದ್ದು. ನಾನು ಹೆಚ್ಚಿದ ಕ್ಯಾರೆಟ್ಟು, ಈರುಳ್ಳಿ, ಬೀನ್ಸು ಅದಕ್ಕೆ ಹಾಕಬೇಕಿತ್ತು. ಹಾಕಿದೆ. ಆಮೇಲೆ ಭರಣಿಯಕ್ಕ ಹಿಂಡಿಕೊಟ್ಟ ಕಿಮ್ಚಿಯನ್ನೂ ಅದೇ ಪಾತ್ರೆಗೆ ಸುರಿದುಬಿಟ್ಟೆ. ಇಬ್ಬರದ್ದೂ ಒಂದೇ ಥರದ ಸ್ಟೀಲು ಪಾತ್ರೆ. ಯಾವುದಕ್ಕೆ ಎಂದು ಕೇಳಬೇಕು ಅನ್ನಿಸಿತ್ತು. ಕೇಳಲು ಬಾಯಿ ಬರಲಿಲ್ಲ.

'ಅಯ್ಯೋ, ನನ್ನ ಹಿಟ್ಟು ಕೆಡ್ತು!' ಅಂದರು ದೊಡ್ಡಮ್ಮ.

'ನಿನ್ನ ಹಿಟ್ಟಿಗೇನಾಗಿದೆ? ಮುಳುಗಿದ್ದು ನನ್ನ ಕಿಮ್ಚಿ' ಅಂದರು ಭರಣಿಯಕ್ಕ.

'ಇದನ್ನ ಯಾರ್ ತಿಂತಾರೆ? ನೋಡು, ಎಷ್ಟು ಕೆಟ್ಟದಾಗಿರುತ್ತೆ ಅಂತ ತೋರಿಸ್ತೀನಿ' ಎಂದು ದೊಡ್ಡಮ್ಮ ಒಂದು ಚಮಚೆ ತೆಗೆದು ಬಿಸಿ ಎಣ್ಣೆಗೆ ಬಿಟ್ಟರು. ಅದು ಕೆಂಪಾಗಿ ಮೇಲೆ ಬಂತು. ಬಾಯಿಯ ಹತ್ತಿರ ತಂದವರು ಹಾಗೇ ನಿಂತರು. 'ನಿನ್ನ ಕಿಮ್ಚಿಗೆ ಸಿಗಡಿ ಹಾಕ್ತೀಯಲ್ಲ, ಇದ್ರಲ್ಲೂ ಇದ್ಯಾ? ನನಗೀಗ ಉಪವಾಸದ ತಿಂಗಳು. ಹಾಲು, ಮಾಂಸ, ಮೀನು ಏನೂ ಮುಟ್ಟೋ ಹಾಗಿಲ್ಲ.'

ಭರಣಿಯಕ್ಕ ಗೋಡೆ ನೋಡಿಕೊಂಡು ಹೇಳಿದರು: 'ಇಲ್ಲ. ನಿನ್ನ ಉಪವಾಸ ಶುರುವಾದಾಗಿಂದ ಒಂದು ಭರಣಿಗೆ ಸಿಗಡಿ ಹಾಕ್ತಿಲ್ಲ. ಯಾವತ್ತಾದ್ರೂ ಕೇಳ್ತೀಯೇನೋ ಅಂತ.'

ಇಷ್ಟು ದಿನ ಹೇಳಿರಲೇ ಇಲ್ಲ ಅವರು! ದೊಡ್ಡಮ್ಮ ಪಕೋಡ ಮುರಿದು, ಅರ್ಧ ಟೇಪಿನ ಆ ಕಡೆಗೆ ಇಟ್ಟರು. ಇಬ್ಬರೂ ತಿಂದರು. ಆಮೇಲೆ ನನಗೊಂದು ಕೊಟ್ಟರು. ಮಾವ, ಹೇಗೆ ಹೇಳಲಿ? ಮೊದಲು ಗರಿಗರಿ, ಆಮೇಲೆ ಹುಳಿ. ಆ ಹುಳಿಯ ಹಿಂದಿನಿಂದ ಆ ಹುರಿದ ಮಸಾಲೆ ನಿಧಾನಕ್ಕೆ ಬಂದು ಇಡೀ ತಲೆಯನ್ನು ತುಂಬಿತು. ಎರಡು ದೂರದ ಊರುಗಳು ನನ್ನ ಬಾಯಲ್ಲಿ ಮೊದಲ ಸಲ ಭೇಟಿಯಾದವು.

ಪಾರ್ಸೆಲ್ಲಿನಲ್ಲಿ ಹಿಟ್ಟು, ಬೆರ್ಬೆರೆ, ಒಂದು ಬಾಟಲಿ ಕಿಮ್ಚಿ ಇಟ್ಟಿದ್ದೇನೆ. ಚೆಲ್ಲಬಾರದೆಂದು ಮುಚ್ಚಳವನ್ನು ಮೈಯಲ್ಲಿದ್ದ ಶಕ್ತಿಯೆಲ್ಲ ಹಾಕಿ ಬಿಗಿದಿದ್ದೇನೆ. ಮಾಡಿಕೊಂಡು ತಿಂದು, ವಾಸನೆ ಹೇಗಿತ್ತು ಬರೆಯಿರಿ.

ಗುಬ್ಬಿ


ಏಪ್ರಿಲ್ 20

ಗುಬ್ಬಿ,

ಪಾರ್ಸೆಲ್ಲು ತಲುಪಿತು. ನಿನ್ನ ದೆಸೆಯಿಂದ ನನಗೆ ಸಿಕ್ಕಿದ ಮರ್ಯಾದೆಯನ್ನು ಹೇಳಲೇಬೇಕು. ಪೋಸ್ಟಾಫೀಸಿನಿಂದ ಆಳು ಕಳಿಸಿ ಹೇಳಿದರು, 'ಈಗಿಂದೀಗ್ಲೇ ಬಂದು ತಗೊಂಡ್ಹೋಗಿ' ಅಂತ. ಯಾವತ್ತಾದರೂ ಹಾಗೆ ಕರೆದದ್ದುಂಟೇ? ಹೋದರೆ ಸಾಲಿನಲ್ಲಿ ನಿಂತವರನ್ನೆಲ್ಲ ಬಿಟ್ಟು ನನ್ನನ್ನೇ ಮೊದಲು ಕರೆದರು. ಪಾಪ, ಗುಮಾಸ್ತನಿಗೆ ಜೋರು ನೆಗಡಿ ಇರಬೇಕು, ಕರವಸ್ತ್ರವನ್ನು ಮೂಗಿನಿಂದ ತೆಗೆಯಲೇ ಇಲ್ಲ.

ಬಸ್ಸಿನಲ್ಲೂ ಅಷ್ಟೆ. ತುಂಬಿ ತುಳುಕುತ್ತಿದ್ದ ಬಸ್ಸು, ನಾನು ಪಾರ್ಸೆಲ್ಲನ್ನು ತೊಡೆಯ ಮೇಲಿಟ್ಟುಕೊಂಡು ಕೂತ ಕೂಡಲೇ ಪಕ್ಕದವರು ಎದ್ದು ಪೂರ್ತಿ ಸೀಟು ನನಗೇ ಬಿಟ್ಟುಕೊಟ್ಟರು. ಹಿಂದಿನ ಸೀಟಿನವರೂ ಎದ್ದರು. ಕಂಡಕ್ಟರು ದೂರದಿಂದಲೇ ಕೇಳಿದ, 'ಯಜಮಾನ್ರೇ, ಏನದು?' 'ನಮ್ಮಕ್ಕನ ಮಗಳು ಕಳಿಸಿದ ಮಸಾಲೆ' ಅಂದೆ. 'ಒಳ್ಳೇದಾಯ್ತು, ಕಿಟಕಿ ಪಕ್ಕಕ್ಕೆ ಸರೀರಿ, ಗಾಳಿ ಬರುತ್ತೆ' ಅಂದ. ಬಿಳಿ ಕೂದಲಿಗೆ ಇನ್ನೂ ಬೆಲೆಯಿದೆ ಎಂದು ಸಂತೋಷವಾಯಿತು. ನೀನು ಬಿಗಿದ ಮುಚ್ಚಳ ಮಾತ್ರ ಹೇಗೋ ಸಡಿಲವಾಗಿ ಸ್ವಲ್ಪ ರಸ ಪ್ಯಾಂಟಿನ ಮೇಲೆ ಚೆಲ್ಲಿತ್ತು, ತೊಂದರೆಯಿಲ್ಲ. ನಿನ್ನ ಅತ್ತೆ ಬಾಗಿಲಲ್ಲೇ ತಡೆದು, ಆ ಪ್ಯಾಂಟನ್ನು ಹೊರಗೇ ಬಿಚ್ಚಿಸಿದಳು. ಅವಳಿಗೆ ಶುಚಿಯ ಹುಚ್ಚು ನಿನಗೆ ಗೊತ್ತೇ ಇದೆ.

ಪಕೋಡ ಬಹಳ ಚೆನ್ನಾಗಿತ್ತು. ವಾಸನೆಯೂ ಘಮ್ಮೆಂದಿತ್ತು. ಕಿಮ್ಚಿಯ ಪರಿಮಳ ಎಷ್ಟು ಮೃದು!

ನಿನ್ನ ಮಾವ


ಮೇ 5

ಮಾವ,

ಬೈಯಬೇಡಿ. ಈ ಕಾಗದವನ್ನು ಬರೆಯಲೋ ಬೇಡವೋ ಎಂದು ಕೆಲವು ದಿನ ತಳ್ಳಿದೆ.

ನಿಮ್ಮ ಬಸ್ಸಿನ ಕಥೆಯನ್ನು ಇಬ್ಬರಿಗೂ ಓದಿ ಹೇಳಿದೆ. ದೊಡ್ಡಮ್ಮ ಕಟ್ಟೆ ಹಿಡಿದುಕೊಂಡು ನಕ್ಕರು. ಭರಣಿಯಕ್ಕ ನೆಲದ ಮೇಲೆ ಕೂತು ನಕ್ಕರು. 'ಯಾರಾದ್ರೂ ಕಿಮ್ಚಿ ಬಾಟಲಿನ ಅಷ್ಟು ಬಿಗೀತಾರಾ? ಅದು ಉಸಿರಾಡ್ಬೇಕು ಮಗಾ! ಬಸ್ಸೆಲ್ಲ ನಾರಿರುತ್ತೆ!' ಅಂದರು. ಮತ್ತೆ ನಕ್ಕರು. ಆಮೇಲೆ ಅವರ ನಗು ಥಟ್ಟನೆ ನಿಂತಿತು. ನನ್ನ ಮುಖ ನೋಡಿದರು.

'ನಿಮ್ಮ ಮಾವನಿಗೆ ಅದು ಗೊತ್ತಾಗ್ಲಿಲ್ವಾ?' ಎಂದು ಕೇಳಿದರು.

ಆಗ ನನಗೆ ಹೊಳೆಯಿತು. ಇಡೀ ಬಸ್ಸು ಎದ್ದು ಹೋದ ವಾಸನೆಯನ್ನು ನೀವು ತೊಡೆಯ ಮೇಲೆ ಇಟ್ಟುಕೊಂಡು ಕೂತಿದ್ದಿರಿ. ನಾನು ಕೈಯಲ್ಲಿದ್ದ ಕ್ಯಾರೆಟ್ಟನ್ನು ಅಲ್ಲೇ ಬಿಟ್ಟು ಹಿತ್ತಲಿಗೆ ಹೋದೆ.

ಒಳಗೆ ಬಂದಾಗ ಭರಣಿಯಕ್ಕ ಬಟ್ಟೆ ಒಣಹಾಕುವ ಹಗ್ಗದಿಂದ ಕ್ಲಿಪ್ಪುಗಳನ್ನು ಕಿತ್ತು ತಂದಿದ್ದರು. ಒಂದನ್ನು ತಮ್ಮ ಮೂಗಿಗೆ ಹಾಕಿಕೊಂಡರು, ಒಂದನ್ನು ದೊಡ್ಡಮ್ಮನಿಗೆ, ಒಂದನ್ನು ನನಗೆ. 'ಅವ್ರು ಇರೋ ಜಾಗ ಹೆಂಗಿದೆ ಅಂತ ಹೋಗಿ ನೋಡ್ಕೊಂಡು ಬರೋಣ. ನೋಡ್ದೆ ಏನಂತ ಅಡುಗೆ ಮಾಡೋದು?' ಅಂದರು. ಆ ಮಾತು ಅವರ ಮೂಗಿನೊಳಗೇ ಸಿಕ್ಕಿಕೊಂಡು ಬಾತುಕೋಳಿಯ ಕೂಗಿನ ಹಾಗೆ ಕೇಳಿಸಿತು. ನಗು ಬಂದರೂ ಯಾರೂ ನಗಲಿಲ್ಲ.

ದೊಡ್ಡಮ್ಮ ಮೊದಲು ತಮ್ಮ ಕಾಫಿ ಕುಡಿದರು. ಹಸಿ ಬೀಜವನ್ನು ತಾವೇ ಹುರಿದು, ಹೊಗೆಯನ್ನು ಕೈಯಿಂದ ಎಲ್ಲರ ಮುಖಕ್ಕೂ ಬೀಸಿ, ಆಮೇಲೆ ಕಾಸುವ ಕಾಫಿ ಅದು. ಒಂದು ಗುಟುಕು ಕುಡಿದು ಲೋಟದೊಳಗೆ ಇಣುಕಿ ನೋಡಿದರು, ಬೇರೆ ಯಾರದ್ದೋ ಲೋಟ ಎತ್ತಿಕೊಂಡೆನೇನೋ ಎನ್ನುವ ಹಾಗೆ. 'ಬಿಸಿನೀರು. ಕಹಿ. ಅಷ್ಟೇ' ಅಂದರು. ಬೆರ್ಬೆರೆಯನ್ನು ಬೆರಳಿಗೆ ಅದ್ದಿ ನಾಲಿಗೆಗಿಟ್ಟರು. ಉರಿ ಇತ್ತು, ಮೆಂತ್ಯದ ಕಹಿಯ ಎಳೆಯೊಂದು ಇತ್ತು, ಉಳಿದದ್ದೆಲ್ಲ ಮಾಯ. 'ನಮ್ಮಮ್ಮ ಇದನ್ನ ಹುರೀತಿದ್ರೆ ಬೀದಿ ಕೊನೇಲಿ ಹೋಗೋರಿಗೂ ಗೊತ್ತಾಗೋದು. ಎಲ್ಲಿ ಹೋಯ್ತು ಅದೆಲ್ಲ?' ಎಂದು ಕೇಳಿದರು. ಅಷ್ಟು ಎತ್ತರದ ಹೆಂಗಸು ಕ್ಲಿಪ್ಪು ಹಾಕಿಕೊಂಡು ಕಳೆದುಹೋದ ಮಗುವಿನ ಹಾಗೆ ನಿಂತಿದ್ದರು.

ನಾನು ಬ್ರೆಡ್ಡು ತಿಂದೆ. ಮಾವ, ಬಾಯಲ್ಲಿ ಒದ್ದೆ ಹತ್ತಿ ಇದ್ದ ಹಾಗಿತ್ತು. ನೀವು ಇಷ್ಟು ದಿನ ಅದನ್ನೇ ನುಂಗುತ್ತಿದ್ದಿರಾ?

ಆದರೆ ಎಲ್ಲವೂ ಹೋಗಿರಲಿಲ್ಲ. ಅದನ್ನು ಹೇಳಲಿಕ್ಕೇ ಈ ಕಾಗದ. ಕಿಮ್ಚಿಯ ಹುಳಿ ಇತ್ತು. ಅದು ದವಡೆಯ ಹಿಂದೆ ಚುಳ್ಳೆಂದಿತು. ಉಪ್ಪು ಇತ್ತು. ಮೆಣಸಿನ ಉರಿ ಇತ್ತು. ಗರಿಗರಿ ಇತ್ತು, ಅದು ಮೊದಲಿಗಿಂತಲೂ ಜೋರಾಗಿ ಕೇಳಿಸಿತು, ತಲೆಯೊಳಗೇ ಸೌದೆ ಮುರಿದ ಹಾಗೆ. ನಾವು ರುಚಿ ಎನ್ನುವುದು ಒಂದೇ ವಸ್ತುವಲ್ಲ ಮಾವ. ಅದೊಂದು ತುಂಬಿದ ಮನೆ. ದೊಡ್ಡವರು ಯಾರೋ ಮನೆ ಬಿಟ್ಟುಹೋಗಿದ್ದಾರೆ. ಆದರೆ ಒಳಗೆ ಇನ್ನೂ ಜನರಿದ್ದಾರೆ, ಕರೆದರೆ ಓ ಅನ್ನುತ್ತಾರೆ.

ಬಾಯಲ್ಲಿ ಪಕೋಡ ಇರುವಾಗಲೇ ಭರಣಿಯಕ್ಕ 'ತೆಗೀರಿ' ಅಂದರು. ಕ್ಲಿಪ್ಪು ತೆಗೆದೆವು. ಒಮ್ಮೆಲೇ ಏಲಕ್ಕಿ, ಬೆಳ್ಳುಳ್ಳಿ, ಹುರಿದ ಮೆಂತ್ಯ ಎಲ್ಲ ಒಟ್ಟಿಗೆ ಒಳಗೆ ನುಗ್ಗಿದವು. ನನಗೆ ಅಳು ಬಂತು. ದಿನಾ ಇದನ್ನೆಲ್ಲ ಹೊಂದಿದ್ದೂ ಗೊತ್ತೇ ಇರಲಿಲ್ಲವಲ್ಲ ಎಂದು. ಕ್ಲಿಪ್ಪು ನಮಗೆ ತೆಗೆಯಬಹುದು, ನಿಮಗೆ ಆಗುವುದಿಲ್ಲ ಎಂದು.

ಅವತ್ತಿನಿಂದ ಇಬ್ಬರೂ ಹಠ ಹಿಡಿದು ಕೂತರು. ಮೂಗಿಗೆ ಕ್ಲಿಪ್ಪು ಹಾಕಿಕೊಂಡೇ ಕಲಸುವುದು, ಕರಿಯುವುದು, ತಿನ್ನುವುದು. ಕಿಟಕಿಯಲ್ಲಿ ನಿಂತ ಗಿರಾಕಿಗಳು ಹೆದರಿ ಒಂದು ಹೆಜ್ಜೆ ಹಿಂದೆ ಸರಿದರು. 'ಏನ್ರಮ್ಮಾ, ಅಷ್ಟು ನಾರುತ್ತಾ ನಿಮ್ಮ ಅಡುಗೆ?' ಎಂದು ಒಬ್ಬ ಕೇಳಿದ. 'ನಿನ್ನ ಬೆವರಿಗೆ ಹಾಕ್ಕೊಂಡಿರೋದಪ್ಪ' ಅಂದರು ಭರಣಿಯಕ್ಕ. ಕಟ್ಟೆಯ ಮೇಲಿನ ಟೇಪು ಹಿಟ್ಟು ಮೆತ್ತಿಕೊಂಡು ಕಾಣಿಸದಾಗಿದೆ, ಯಾರೂ ಒರೆಸಲಿಲ್ಲ.

ಕೊನೆಗೆ ಹೀಗೆ ನಿಂತಿತು. ಹುಳಿ ಮೀರಿದ ಕಿಮ್ಚಿಯೇ ಕರಿಯಲು ಒಳ್ಳೆಯದಂತೆ, ಆದ್ದರಿಂದ ನಿಮ್ಮ ಬಳಿ ಇರುವುದು ಕೆಟ್ಟಿಲ್ಲ, ಎಸೆಯಬೇಡಿ. ಅದನ್ನು ಗಟ್ಟಿಯಾಗಿ ಹಿಂಡಿ. ರಸ ಚೆಲ್ಲಬೇಡಿ, ಹಿಟ್ಟಿಗೆ ಸೇರಿಸಿ. ಕ್ಯಾರೆಟ್ಟು, ಈರುಳ್ಳಿ, ಬೀನ್ಸನ್ನು ಬೆಂಕಿಕಡ್ಡಿಯ ಹಾಗೆ ಉದ್ದುದ್ದ ಸೀಳಿ, ತುರಿಯಬೇಡಿ. ತುರಿದರೆ ಹಲ್ಲಿಗೆ ಕೆಲಸ ಇರುವುದಿಲ್ಲ. ಕಡಲೆ ಹಿಟ್ಟು, ತೆಫ್ ಹಿಟ್ಟು, ಬೆರ್ಬೆರೆ. ನೀರು ಮಂಜಿನಷ್ಟು ತಣ್ಣಗಿರಲಿ. ಇದು ಭರಣಿಯಕ್ಕನ ಕಡೆಯ ಪದ್ಧತಿ. ದೊಡ್ಡಮ್ಮ 'ತಣ್ಣೀರಾ? ಹಿಟ್ಟಿಗೆ ನೆಗಡಿಯಾಗುತ್ತೆ' ಅಂದಿದ್ದರು, ಈಗ ಅವರೇ ಐಸು ತರುತ್ತಾರೆ. ಒಮ್ಮೆ ಕರಿದು ತೆಗೆದು, ಆರಿದ ಮೇಲೆ ಮತ್ತೆ ಕರಿಯಿರಿ. ಆಯಿತೋ ಇಲ್ಲವೋ ತಿಳಿಯಲು ಮೂಗು ಬೇಡ. ಎಣ್ಣೆಯ ಸದ್ದು ಕೇಳಿ. ಮೊದಲು ದಪ್ಪಗೆ ಗದ್ದಲ ಮಾಡುತ್ತದೆ. ನೀರೆಲ್ಲ ಹೋದ ಮೇಲೆ ಸಣ್ಣದಾಗಿ, ಕಾಲಂದಿಗೆಯ ಹಾಗೆ ಆಗುತ್ತದೆ. ಆಗ ತೆಗೆಯಿರಿ.

ಪಕೋಡ ಚೆನ್ನಾಗಿತ್ತು ಎಂದು ಬರೆದದ್ದೂ ಸುಳ್ಳೇ, ನೀವು ಪಾರ್ಸೆಲ್ಲು ಇನ್ನೂ ಮುಟ್ಟಿಲ್ಲ ಎಂದು ನನಗೆ ಗೊತ್ತು. ಮಾಡಿ ಮಾವ. ನಿಮಗೋಸ್ಕರವೇ ಮಾಡಿದ್ದು ಇದು.

ಗುಬ್ಬಿ


ಜೂನ್ 10

ಮಾವ,

ಒಂದು ತಿಂಗಳಾಯಿತು, ಕಾಗದವಿಲ್ಲ. ಕೋಪವೇ? ನಿಮ್ಮ ಗುಟ್ಟನ್ನು ಇಬ್ಬರು ಪರಸ್ಥಳದವರ ಮುಂದೆ ಓದಿದ್ದು ತಪ್ಪಾಯಿತು. ಅತ್ತೆಗೆ ಫೋನ್ ಮಾಡಿದೆ. ಅತ್ತೆ 'ಹಲೋ' ಅಂದರು, ನಾನು ಚೆನ್ನಾಗಿದೀನಿ ಅಂದೆ.

ದೊಡ್ಡಮ್ಮ ದಿನಾ ಕೇಳುತ್ತಾರೆ, 'ಮಾವ ತಿಂದ್ರಾ?' ಅಂತ. ಭರಣಿಯಕ್ಕ ಕೇಳುವುದಿಲ್ಲ. ಪೋಸ್ಟಿನವನು ಬಂದಾಗ ಕೈ ಒರೆಸಿಕೊಂಡು ಬಾಗಿಲಿಗೆ ಬಂದು ನಿಲ್ಲುತ್ತಾರೆ.

ಗುಬ್ಬಿ


ಜೂನ್ 28

ಗುಬ್ಬಿ,

ಕೋಪ ಬಂದಿತ್ತು. ಸುಳ್ಳು ಸಿಕ್ಕಿಬಿದ್ದವನ ಕೋಪ, ಅದಕ್ಕೆ ಬೆಲೆ ಕೊಡಬೇಡ. ನಿನ್ನ ಕಾಗದವನ್ನು ಓದಿ ಮಡಿಸಿ ಶರ್ಟಿನ ಜೇಬಿನಲ್ಲಿಟ್ಟುಕೊಂಡೆ. ತಿರುಗಿ ತೆಗೆಯಲಿಲ್ಲ.

ನಿಜ ಹೇಳುತ್ತೇನೆ. ಜ್ವರದ ನಂತರ ಒಂದೇ ಒಂದು ದಿನವೂ ನನಗೆ ಯಾವ ವಾಸನೆಯೂ ಬಂದಿಲ್ಲ. ನಿನಗೆ ಹೇಳಿದರೆ ಕೆಲಸ ಬಿಟ್ಟು ಓಡಿ ಬರುತ್ತೀಯ ಎಂದು ಹೇಳಲಿಲ್ಲ. ಬೇಕರಿಯಲ್ಲೂ ಹೇಳಲಿಲ್ಲ. ಗಡಿಯಾರ ನೋಡಿಕೊಂಡು, ಕಳ್ಳನ ಹಾಗೆ ಆಗಾಗ ಒಲೆಯ ಬಾಗಿಲು ತೆರೆದು ಕಾಲ ತಳ್ಳುತ್ತಿದ್ದೆ. ಊಟವೆಂದರೆ ಒದ್ದೆ ಹತ್ತಿ ಅಂದೆಯಲ್ಲ, ಅದೇ ಸರಿಯಾದ ಮಾತು. ಹೆಂಡತಿ ಎದುರು ಕೂತು 'ಉಪ್ಪು ಸರಿಯಿದ್ಯಾ? ಖಾರ ಸಾಲ್ದಾ?' ಎಂದು ಕೇಳುವಾಗ ಪ್ರತಿ ತುತ್ತಿಗೂ ಒಂದೊಂದು ಸುಳ್ಳು ಹೇಳಬೇಕಿತ್ತು. ಅದಕ್ಕಿಂತ ತಟ್ಟೆ ಸರಿಸುವುದು ಸುಲಭವಾಗಿತ್ತು.

ಈ ತಿಂಗಳ ಮೊದಲಲ್ಲಿ ಒಂದು ಒಲೆಯ ಬ್ರೆಡ್ಡು ಪೂರ್ತಿ ಕರಕಲಾಯಿತು. ನಾನು ಒಲೆಯ ಪಕ್ಕದಲ್ಲೇ ಸ್ಟೂಲಿನ ಮೇಲೆ ಕೂತಿದ್ದೆ. ಎದುರು ಅಂಗಡಿಯವನು ಓಡಿಬಂದು 'ಬೆಂಕಿ ಬಿದ್ದಿದ್ಯಾ?' ಅಂದಾಗಲೇ ನನಗೆ ಗೊತ್ತಾದದ್ದು. ಆವತ್ತು ಯಜಮಾನನಿಗೆ ಹೇಳಿಬಿಟ್ಟೆ. ಅವನು ತಲೆ ಕೆರೆದುಕೊಂಡು, 'ನಿಮ್ಮ ಮೂಗಿಗೆ ಸಂಬಳ ಕೊಡ್ತಿದ್ನಾ, ಕೈಗೆ ಕೊಡ್ತಿದ್ನಾ? ನಾದೋ ಕಡೆ ಬನ್ನಿ. ಒಲೆಗೆ ನಾನೇ ನಿಲ್ತೀನಿ' ಅಂದ. ಇಷ್ಟು ತಿಂಗಳು ಹೆದರಿದ್ದಕ್ಕೆ ಅಷ್ಟೇ ಉತ್ತರ. ಹಗುರವಾಯಿತು. ಆದರೂ ಹಸಿವಾಗಲಿಲ್ಲ.

ಮೊನ್ನೆ ಮಧ್ಯಾಹ್ನ ಒಲೆ ಆರಿದ ಮೇಲೆ ಜೇಬಿನ ಕಾಗದ ತೆಗೆದು, ಇನ್ನೊಮ್ಮೆ ಓದಿದೆ. ಮೂವರು ಹೆಂಗಸರು ನನಗೋಸ್ಕರ ಮೂಗಿಗೆ ಕ್ಲಿಪ್ಪು ಹಾಕಿಕೊಂಡು ನಿಂತ ಚಿತ್ರ ಕಣ್ಣ ಮುಂದೆ ಬಂತು. ನಾನಿದ್ದ ಜಾಗಕ್ಕೆ ಡಾಕ್ಟರೂ ಬಂದಿರಲಿಲ್ಲ. ಮೂಗಿಗೆ ಟಾರ್ಚು ಬಿಟ್ಟು ನೋಡಿ ಹೊರಗಿನಿಂದಲೇ ಹೋಗಿದ್ದರು. ಮುಖ ಕಂಡಿರದ ಇಬ್ಬರು ಒಳಗೆ ಬಂದು, ಕತ್ತಲಲ್ಲಿ ತಡಕಾಡಿ, ಏನೇನು ಉಳಿದಿದೆ ಎಂದು ನೋಡಿ ಹೋಗಿದ್ದಾರೆ. ನಾನು ಎದ್ದು, ನಿನ್ನ ಅತ್ತೆ ಮನೆಯೊಳಗೆ ಬಿಡದೆ ಬೇಕರಿಗೆ ಸಾಗಹಾಕಿದ್ದ ಪಾರ್ಸೆಲ್ಲು ಬಿಚ್ಚಿ, ಚಹಾದ ಸ್ಟೋವಿನ ಮೇಲೆ ಬಾಣಲೆ ಇಟ್ಟೆ.

ತೆಫ್‌ನ ಹುಳಿನೀರು ಇರಲಿಲ್ಲವಲ್ಲ, ಬ್ರೆಡ್ಡಿಗೆ ಇಟ್ಟಿದ್ದ ಹುಳಿ ಹಿಟ್ಟನ್ನೇ ಒಂದು ಮುಷ್ಟಿ ತೆಗೆದು ಕಲಸಿದೆ. ಆ ದೊಡ್ಡಮ್ಮನಿಗೆ ಹೇಳು, ಬೈಯುವುದಾದರೆ ಬೈಯಲಿ. ಎಣ್ಣೆಯ ಸದ್ದು ನೀನು ಹೇಳಿದ ಹಾಗೇ ಬದಲಾಯಿತು. ಇಷ್ಟು ವರ್ಷ ಬೆಂಕಿಯ ಮುಂದೆ ನಿಂತಿದ್ದೇನೆ, ಬೇಯುವ ವಸ್ತು ಇಷ್ಟು ಸ್ಪಷ್ಟವಾಗಿ ಮಾತಾಡುತ್ತದೆ ಎಂದು ಕೇಳಿಸಿಕೊಂಡಿರಲಿಲ್ಲ. ಮೂಗೇ ಎಲ್ಲ ಮಾಡುತ್ತಿತ್ತು, ಕಿವಿಗೆ ಕೆಲಸವೇ ಇರಲಿಲ್ಲ.

ಬಾಯಿಗಿಟ್ಟೆ. ಗರಕ್ ಎಂದಿತು. ಹುಳಿ ದವಡೆಯನ್ನು ಹಿಡಿದೆಳೆಯಿತು. ಇಷ್ಟೇ ಇರಬೇಕು ಅಂದುಕೊಳ್ಳುವಷ್ಟರಲ್ಲಿ ಉರಿ ಶುರುವಾಯಿತು. ಮೊದಲು ನಾಲಿಗೆಯ ತುದಿಯಲ್ಲಿ ಒಂದು ಚೂಪು ಉರಿ, ಅದು ಭರಣಿಯಕ್ಕನದ್ದಿರಬೇಕು. ಆಮೇಲೆ ಗಂಟಲಿನ ಆಳದಿಂದ ನಿಧಾನಕ್ಕೆ ಕಾವು ಏರಿತು, ಕೆಂಡದ ಒಲೆಯ ಹಾಗೆ. ಅದು ದೊಡ್ಡಮ್ಮನದ್ದು. ಎರಡನ್ನೂ ಬೇರೆ ಬೇರೆಯಾಗಿ ಗುರುತಿಸಿದೆ, ಗುಬ್ಬಿ! ಇದು ಅವರದ್ದು, ಇದು ಇವರದ್ದು ಅಂತ. ನನ್ನ ಬಾಯಲ್ಲಿ ಇಬ್ಬರು ಮನುಷ್ಯರಿದ್ದರು. ಹಣೆಯಲ್ಲಿ ಬೆವರು, ಕಣ್ಣಲ್ಲಿ ನೀರು. ಈ ಕೆಲಸಗಳ್ಳ ಮೂಗು ಕೂಡ ಸೋರಲಿಕ್ಕೆ ಮಾತ್ರ ಮುಂದೆ ಬಂತು.

ತಟ್ಟೆ ಖಾಲಿಯಾಗಿದ್ದು ನೋಡಿಕೊಂಡಾಗಲೇ ಗೊತ್ತಾದದ್ದು. ನಿನ್ನ ಅತ್ತೆ ಬುತ್ತಿ ತಂದವಳು ಬಾಗಿಲಲ್ಲಿ ನಿಂತು ನೋಡುತ್ತಿದ್ದಳು. ಮುಖ ಆ ಕಡೆ ತಿರುಗಿಸಿಕೊಂಡು ಸೆರಗಿನಿಂದ ಬುತ್ತಿಯ ಮುಚ್ಚಳ ಒರೆಸಿದಳು.

ವಾಸನೆ ಬಂದಿಲ್ಲ. ಬರುತ್ತದೋ ಇಲ್ಲವೋ ಡಾಕ್ಟರಿಗೂ ಗೊತ್ತಿಲ್ಲ. ಇನ್ನು ನಿನಗೆ ಸುಳ್ಳು ಬರೆಯುವುದಿಲ್ಲ. ಆದರೆ ಮಾರನೆಯ ದಿನ ಹಿಟ್ಟು ನಾದುತ್ತಿದ್ದಾಗ ಹೊಟ್ಟೆಯೊಳಗೆ ಏನೋ ಗುರ್ ಎಂದಿತು. ಏನಾಯಿತಪ್ಪಾ ಎಂದು ಕೈಯಿಟ್ಟು ನೋಡಿಕೊಂಡೆ. ಹಸಿವು ಕಣೇ.

ಮುಂದಿನ ತಿಂಗಳು ಬೇಕರಿಯ ಒಲೆಗೆ ಹೊಸ ಇಟ್ಟಿಗೆ ಕಟ್ಟಿಸುತ್ತಾರೆ, ಆಗ ರಜೆ. ನಾನೂ ನಿನ್ನ ಅತ್ತೆಯೂ ಬರುತ್ತೇವೆ. ಆ ಇಬ್ಬರ ಕೈಗೆ ನಮಸ್ಕಾರ ಮಾಡಬೇಕು.

ನಿನ್ನ ಮಾವ

(ಅತ್ತೆ ಬರೆಯುವುದು: ನನ್ನ ಎಣ್ಣೆಯೆಲ್ಲ ಖಾಲಿ ಮಾಡಿದ್ದಾರೆ. ನಿನ್ನೆ ಪಕೋಡ ಮುಗಿಸಿ 'ಅನ್ನ ಇದ್ಯಾ?' ಅಂದರು. ಜ್ವರ ಬಂದ ಮೇಲೆ ಅವರಾಗಿ ಕೇಳಿದ್ದು ಅದೇ ಮೊದಲು. ನಾನು ಓಡಿಹೋಗಿ ಪಾತ್ರೆಯನ್ನೇ ತಂದು ಬಡಿಸಿದೆ. ಆ ಪ್ಯಾಂಟನ್ನು ಮಾತ್ರ ಸುಟ್ಟುಹಾಕಿದ್ದೇನೆ.)


ಜುಲೈ 9

ಪ್ರೀತಿಯ ಮಾವ, ಅತ್ತೆಗೆ,

ಕಾಗದ ಬಂದಾಗ ಕಿಟಕಿಯಲ್ಲಿ ಜನ ತುಂಬಿದ್ದರು. ಭರಣಿಯಕ್ಕ ಅವರಿಗೆಲ್ಲ 'ಇರ್ರಪ್ಪಾ, ಸ್ವಲ್ಪ ಹೊತ್ತು' ಎಂದು ಒಲೆ ಸಣ್ಣಗೆ ಮಾಡಿದರು. ನಾನು ಗಟ್ಟಿಯಾಗಿ ಓದಿದೆ. ಗಂಟಲು ಕಟ್ಟಲಿಲ್ಲ. ಇಬ್ಬರ ಉರಿಯನ್ನೂ ಬೇರೆ ಬೇರೆ ಗುರುತಿಸಿದೆ ಎಂಬ ಸಾಲು ಬಂದಾಗ ದೊಡ್ಡಮ್ಮ 'ಇನ್ನೊಂದ್ಸಲ ಓದು' ಅಂದರು. ಓದಿದೆ. ಅವರಿಬ್ಬರೂ ಒಬ್ಬರನ್ನೊಬ್ಬರು ನೋಡಿಕೊಂಡ ರೀತಿಯನ್ನು ಬರೆಯುವಷ್ಟು ವಿದ್ಯೆ ನನಗಿಲ್ಲ.

'ಬ್ರೆಡ್ಡಿನ ಹುಳಿ ಹಾಕಿದ್ರಂತಾ?' ಎಂದು ದೊಡ್ಡಮ್ಮ ಕೇಳಿದರು. ಬೈಯುತ್ತಾರೆ ಅಂದುಕೊಂಡೆ. 'ಬರೋವಾಗ ಒಂದು ಮುಷ್ಟಿ ತರೋಕೆ ಹೇಳು' ಅಂದರು.

ನೀವು ಬರುವ ಹೊತ್ತಿಗೆ ಹದವಾಗಿ ಹುಳಿ ಬಂದಿರಬೇಕೆಂದರೆ ಈಗಲೇ ಶುರು ಮಾಡಬೇಕಂತೆ. ಭರಣಿಯಕ್ಕ ಒಂದು ಖಾಲಿ ಭರಣಿಯನ್ನು ನನ್ನ ಮುಂದೆ ತಂದಿಟ್ಟು, 'ಇದು ನಿನ್ನದು' ಎಂದು ಮಾರುಕಟ್ಟೆಗೆ ಹೊರಟುಹೋದರು. ಇವತ್ತು ಬೆಳಿಗ್ಗೆ ನಾನೊಬ್ಬಳೇ ಎಲೆಕೋಸನ್ನು ಸೀಳಿ, ತೊಳೆದು, ಎಲೆ ಎಲೆಯ ನಡುವೆ ಉಪ್ಪು ಸವರಿ, ಮೇಲೊಂದು ಕಲ್ಲು ಹೇರಿಟ್ಟೆ.

ಗುಬ್ಬಿ